'ಹಕ್ಕಿ'ಯಲ್ಲಿ ಎಷ್ಟು ಸದ್ದು?

ಎರಡನೆಯ ತರಗತಿಯ ಮಗು 'ಅಗಸ', 'ಕಮಲ', 'ಬಾಗಿಲು' ಎಂದು ಸಲೀಸಾಗಿ ಓದುತ್ತದೆ. 'ಶಕ್ತಿ' ಬಂದ ಕೂಡಲೇ 'ಶಕಿತ' ಎನ್ನುತ್ತದೆ. 'ಕರ್ಮ' ಇದ್ದಲ್ಲಿ 'ಕಮರ' ಎಂದು ಓದುತ್ತದೆ. ಉಕ್ತಲೇಖನದಲ್ಲಿ 'ಕತ್ತೆ' ಎಂದರೆ 'ಕತೆ' ಎಂದು ಬರೆದಿಡುತ್ತದೆ. ಇದಕ್ಕೆ ಮನೆಯಲ್ಲೂ ಶಾಲೆಯಲ್ಲೂ ಸಿಗುವ ಮದ್ದು ಒಂದೇ: ಕಾಗುಣಿತ ಹತ್ತು ಸಲ ಬರೆ. ಬರೆದೂ ಬರೆದೂ ಬೆರಳು ನೋಯುತ್ತದೆ, 'ಶಕಿತ' ಮಾತ್ರ ಹಾಗೇ ಉಳಿಯುತ್ತದೆ.

ಈ ತಪ್ಪುಗಳು ಬಾಯಿಗೆ ಬಂದಂತೆ ಆಗುವುದಿಲ್ಲ, ಇವಕ್ಕೊಂದು ಲೆಕ್ಕವಿದೆ. ಕನ್ನಡದ ಮಾತು ತುಂಡಾಗುವ ಜಾಗ ಒಂದು, ಕನ್ನಡದ ಬರವಣಿಗೆ ತುಂಡಾಗುವ ಜಾಗ ಇನ್ನೊಂದು. ಮಗು ಎಡವುವುದು ಹೆಚ್ಚಾಗಿ ಈ ಎರಡರ ನಡುವಿನ ಸಂದಿಯಲ್ಲಿ.

'ಹಕ್ಕಿ' ಎಂದು ನಿಧಾನವಾಗಿ ಹೇಳಿ ನೋಡಿ. ನಾಲಗೆ 'ಹಕ್' ಎಂದು ನಿಂತು, ಆಮೇಲೆ 'ಕಿ' ಎಂದು ಬಿಡುತ್ತದೆ. ಬರೆಯುವಾಗಲಾದರೋ 'ಹ' ಒಂದು ಕಡೆ, 'ಕ್ಕಿ' ಇನ್ನೊಂದು ಕಡೆ. ಛಂದಸ್ಸು ಕಲಿತವರಿಗೆ ಇದು ಹೊಸತಲ್ಲ. ಒತ್ತಕ್ಷರದ ಹಿಂದಿನ ಅಕ್ಷರ ಗುರುವಾಗುವುದು ಇದೇ ಕಾರಣಕ್ಕೆ, ಒತ್ತಿನ ಮೊದಲ ವ್ಯಂಜನ ಉಚ್ಚಾರದಲ್ಲಿ ಹಿಂದಿನ ಅಕ್ಷರಕ್ಕೆ ಅಂಟಿಕೊಳ್ಳುತ್ತದೆ. 'ಕ್ರಮ' ಎಂಬುದಕ್ಕೆ ಪ್ರಸ್ತಾರ ಹಾಕಿದರೆ ಎರಡೂ ಲಘು. 'ಕರ್ಮ'ದಲ್ಲಿ ಮೊದಲನೆಯದು ಗುರು. ಹೈಸ್ಕೂಲಿನಲ್ಲಿ ಅಂಕಕ್ಕಾಗಿ ಕಲಿಸುವ ಈ ಪಾಠ ನಿಜವಾಗಿ ಬೇಕಾಗಿರುವುದು ಒತ್ತಕ್ಷರ ಕಲಿಸುವ ಎರಡನೆಯ ತರಗತಿಯ ಶಿಕ್ಷಕರಿಗೆ.

ಇನ್ನು 'ಹಕ್ಕಿ'ಯಲ್ಲಿರುವ ಸದ್ದುಗಳನ್ನು ಎಣಿಸಿ: ಹ್, ಅ, ಕ್, ಕ್, ಇ. ಐದು. ಅಕ್ಷರ ಎರಡು, ಸದ್ದು ಐದು. ಮಾತಿನ ಒಳಗಿನ ಈ ಸದ್ದುಗಳನ್ನು ಬೇರೆ ಬೇರೆಯಾಗಿ ಗುರುತಿಸುವ, ತೆಗೆಯುವ, ಬದಲಿಸುವ ಶಕ್ತಿಗೆ ಧ್ವನಿಪ್ರಜ್ಞೆ ಎನ್ನುತ್ತಾರೆ. ಇದು ಪೂರಾ ಕಿವಿಯ ಕೆಲಸ, ಪುಸ್ತಕ ಮುಚ್ಚಿಟ್ಟೂ ಮಾಡಬಹುದು. ಇದರಲ್ಲಿ ಎರಡು ಅಂತಸ್ತು. ಮೇಲಿನದು ಅಕ್ಷರದ ಮಟ್ಟ: ಬಾ-ಗಿ-ಲು. ಅದರ ಕೆಳಗಿನದು ಸ್ವರ-ವ್ಯಂಜನಗಳ ಮಟ್ಟ: ಬ್-ಆ-ಗ್-ಇ-ಲ್-ಉ.

ಮೇಲಿನ ಅಂತಸ್ತು ಕನ್ನಡದ ಮಕ್ಕಳಿಗೆ ಬೇಗ ಒಲಿಯುತ್ತದೆ. ನಾಲ್ಕೈದು ವರ್ಷಕ್ಕೆಲ್ಲ ಚಪ್ಪಾಳೆ ಹೊಡೆದು 'ತ-ರ-ಕಾ-ರಿ' ಎಂದು ಬಿಡಿಸುತ್ತಾರೆ. ಅಂತ್ಯಾಕ್ಷರಿ ಆಡುವುದು, ಪ್ರತಿ ಅಕ್ಷರದ ಮುಂದೆ 'ಕ' ಸೇರಿಸಿ ದೊಡ್ಡವರಿಗೆ ತಿಳಿಯದಂತೆ 'ಕ ಭಾಷೆ' ಮಾತಾಡುವುದು ಎಲ್ಲ ಈ ಮಟ್ಟದ ಕಸರತ್ತೇ. ಕೆಳಗಿನ ಅಂತಸ್ತು ಹಾಗೆ ತಾನಾಗಿ ಬರುವುದಿಲ್ಲ. 1979ರಲ್ಲಿ ಪೋರ್ಚುಗಲ್‌ನಲ್ಲಿ ಮನಶ್ಶಾಸ್ತ್ರಜ್ಞ ಜೋಸೆ ಮೊರಾಯಿಸ್ ಮತ್ತು ಜೊತೆಗಾರರು ಓದು ಬರಹ ಕಲಿಯದ ವಯಸ್ಕರಿಗೆ ಪದದ ಮೊದಲ ವ್ಯಂಜನ ತೆಗೆದು ಹೇಳುವ ಕೆಲಸ ಕೊಟ್ಟರು. ಅವರಲ್ಲಿ ಹೆಚ್ಚಿನವರಿಗೆ ಅದು ಆಗಲಿಲ್ಲ, ದೊಡ್ಡವರಾದ ಮೇಲೆ ಓದು ಕಲಿತವರಿಗೆ ಆಯಿತು. 1986ರ ಇನ್ನೊಂದು ಅಧ್ಯಯನದಲ್ಲಿ ಚೀನೀ ಚಿತ್ರಲಿಪಿಯನ್ನಷ್ಟೇ ಬಲ್ಲವರು ಇದರಲ್ಲಿ ಹಿಂದೆ ಬಿದ್ದರು, ಚೀನೀ ಮಾತನ್ನು ರೋಮನ್ ಅಕ್ಷರಗಳಲ್ಲಿ ಬರೆಯುವ ಪಿನ್‌ಯಿನ್ ಕಲಿತವರು ಗೆದ್ದರು. ಅಂದರೆ ಬಿಡಿ ಸದ್ದಿನ ಅರಿವನ್ನು ಬರವಣಿಗೆಯೇ ಬಹುಮಟ್ಟಿಗೆ ಕಲಿಸುತ್ತದೆ. ಧ್ವನಿಪ್ರಜ್ಞೆ ಪೂರ್ತಿ ಬರಲಿ, ಆಮೇಲೆ ಓದು ಶುರುಮಾಡೋಣ ಎಂದು ಕಾಯುವವರು ಸುಮ್ಮನೆ ಕಾಲ ಕಳೆಯುತ್ತಾರೆ.

ಕನ್ನಡದಲ್ಲಿ ಈ ಅರಿವು ಇನ್ನೂ ನಿಧಾನ. ಬೆಂಗಳೂರಿನ ಸಂಶೋಧಕಿ ಸೋನಾಲಿ ನಾಗ್ ಅವರು 2007ರಲ್ಲಿ ಪ್ರಕಟಿಸಿದ ಅಧ್ಯಯನವೂ ಇದನ್ನೇ ಹೇಳುತ್ತದೆ: ಕನ್ನಡ ಮಕ್ಕಳ ಅಕ್ಷರಜ್ಞಾನ ನಾಲ್ಕನೆಯ ತರಗತಿಯವರೆಗೂ ಬೆಳೆಯುತ್ತಲೇ ಇರುತ್ತದೆ, ಬಿಡಿ ಸದ್ದಿನ ಅರಿವು ತಡವಾಗಿ ಮೂಡುತ್ತದೆ. ಲೆಕ್ಕ ಹಾಕಿದರೆ ಆಶ್ಚರ್ಯವೇನಿಲ್ಲ. ವರ್ಣಮಾಲೆಯಲ್ಲಿ 13 ಸ್ವರ, 2 ಯೋಗವಾಹ, 34 ವ್ಯಂಜನ, ಒಟ್ಟು 49. ಯೋಗವಾಹ ಬಿಟ್ಟರೂ 34 ವ್ಯಂಜನಕ್ಕೆ 13 ಸ್ವರ ಸೇರಿ 442 ಗುಣಿತಾಕ್ಷರ, ಅದರ ಮೇಲೆ ಒತ್ತಕ್ಷರಗಳ ದಂಡು. ಇವನ್ನು ಒಂದೊಂದಾಗಿ ಉರು ಹೊಡೆಯುವ ಮಗುವಿಗೂ, 'ಗುಡಿಸು ಎಂದರೆ ಇ ಸದ್ದು, ಯಾವ ವ್ಯಂಜನಕ್ಕೆ ಹಚ್ಚಿದರೂ ಇ ಸದ್ದೇ' ಎಂದು ಒಮ್ಮೆ ಹೊಳೆದ ಮಗುವಿಗೂ ಆನೆ-ಆಡಿನ ಅಂತರ.

ಕಾಗುಣಿತ ಎಂಬುದೇ ಸದ್ದು ಬಿಡಿಸುವ ಪಾಠ, ನಾವು ಅದನ್ನು ರಾಗವಾಗಿ ಹಾಡಿಸಿ ಕೆಡಿಸಿದ್ದೇವೆ ಅಷ್ಟೆ. 'ಕ ಕಾ ಕಿ ಕೀ' ಎಂದು ಅಡ್ಡಸಾಲಿನಲ್ಲಿ ಹಾಡುವ ಮಗುವನ್ನು ನಡುವೆ ತಡೆದು 'ಮೂ ಯಾವುದು?' ಎಂದರೆ ಮತ್ತೆ 'ಮ'ದಿಂದ ಶುರುಮಾಡುತ್ತದೆ. ಅದಕ್ಕೆ ಅಡ್ಡಸಾಲಿನ ಬದಲು ಉದ್ದಸಾಲು ಓದಿಸಿ: ಕಿ, ಗಿ, ಸಿ, ರಿ, ದಿ. ವ್ಯಂಜನ ಬದಲಾಗುತ್ತದೆ, ಗುಡಿಸು ಮತ್ತು ಅದರ ಸದ್ದು ಮಾತ್ರ ಉಳಿಯುತ್ತವೆ. ದಿನಕ್ಕೆ ಒಂದೇ ಚಿಹ್ನೆ ಸಾಕು. ಇಳಿ, ಗುಡಿಸು, ಕೊಂಬು ಗಟ್ಟಿಯಾಗುವವರೆಗೆ ಏತ್ವ, ಓತ್ವಕ್ಕೆ ಹೋಗಬೇಡಿ. 'ಮಿ', 'ಯಿ' ಉಳಿದವುಗಳ ಹಾಗೆ ಕಾಣುವುದಿಲ್ಲ, 'ಪು', 'ವು'ಗಳ ಕೊಂಬು ಬೇರೆ ಜಾಗದಲ್ಲಿ ಕೂರುತ್ತದೆ. ಅವನ್ನು ಕೊನೆಗೆ ಇಟ್ಟುಕೊಳ್ಳಿ.

ಸರ್ಕಾರಿ ಶಾಲೆಗಳ ನಲಿ-ಕಲಿ ಪದ್ಧತಿಯಲ್ಲಿ ವರ್ಣಮಾಲೆಯ ಕ್ರಮ ಬಿಟ್ಟು 'ರ ಗ ಸ ದ ಅ' ಎಂದು ಶುರುಮಾಡುವುದರಲ್ಲಿ ಒಂದು ಜಾಣತನವಿದೆ. ಐದೇ ಅಕ್ಷರಕ್ಕೆ ಸರ, ದರ, ಅರಸ, ಗರಗಸ ಎಲ್ಲ ಸಿಗುತ್ತವೆ. 'ಅ ಆ ಇ ಈ' ಎಂದು ಹೊರಟರೆ ಸ್ವರಗಳು ಮುಗಿದರೂ ಓದಲೊಂದು ಪದ ಹುಟ್ಟುವುದು ಕಷ್ಟ.

ಇನ್ನು ಕಿವಿಯ ಅಭ್ಯಾಸ. ದಿನಕ್ಕೆ 10 ನಿಮಿಷ ಸಾಕು, 15 ಆದರೆ ಮಗು ಆಕಳಿಸುತ್ತದೆ. ಬೇಕಾದ ಸಾಮಾನು ಒಂದು ಹಿಡಿ ಹುಣಸೆ ಬೀಜ.

ಮೊದಲ ವಾರ ಅಕ್ಷರ ಎಣಿಸುವುದು, ತೆಗೆಯುವುದು. ಪ್ರತಿ ಅಕ್ಷರಕ್ಕೊಂದು ಬೀಜ ಇಡಿಸಿ, 'ಬಾಗಿಲು ಅನ್ನು, ಈಗ ಬಾ ಬಿಟ್ಟು ಅನ್ನು' ಎಂದು ಕೇಳಿ. ಉಳಿದದ್ದು 'ಗಿಲು' ಎಂಬ ಅರ್ಥವಿಲ್ಲದ ತುಂಡಾದರೇ ಒಳ್ಳೆಯದು, ಊಹೆಗೆ ಎಡೆ ಇರುವುದಿಲ್ಲ. ಪದದ ನಡುವಿನ ಅಕ್ಷರ ತೆಗೆಯುವುದು ಕೊನೆಗೆ ಬರಲಿ, ಅದು ಹೆಚ್ಚು ಕಷ್ಟ. ಇಲ್ಲಿ ಒತ್ತಕ್ಷರದ ಪದ ಬೇಡ. ಮಗು 'ಹಕ್-ಕಿ' ಎಂದು ಚಪ್ಪಾಳೆ ಹೊಡೆದರೆ ಅದರ ಕಿವಿ ಸರಿಯಾಗಿದೆ ಎಂದೇ ಅರ್ಥ, ತಪ್ಪೆಂದು ತಿದ್ದಬೇಡಿ.

ಅದು ಬಂದ ಮೇಲೆ ಸ್ವರ ಬದಲಿಸುವ ಆಟ. ಕನ್ನಡದಲ್ಲಿ ಇದಕ್ಕೆ ಹೇಳಿ ಮಾಡಿಸಿದ ಜೋಡಿಗಳಿವೆ: ಹಾವು-ಹೂವು, ನಾನು-ನೀನು, ಕಾಲು-ಕೋಲು, ಬಾಳೆ-ಬೇಳೆ, ಬೀಗ-ಬೇಗ. 'ಕಾಲು ಅನ್ನು. ಆ ತೆಗೆದು ಓ ಹಾಕು. ಏನಾಯಿತು?' ಹತ್ತರಲ್ಲಿ ಎಂಟು ಸರಿಯಾದರೆ ಮುಂದಕ್ಕೆ ಹೋಗಿ. ವ್ಯಂಜನ ಬದಲಿಸುವುದು ಆಮೇಲೆ: ಕಾಲು, ಹಾಲು, ಸಾಲು, ಪಾಲು. ಸ್ವರಕ್ಕೆ ಮೊದಲ ಸ್ಥಾನ ಯಾಕೆಂದರೆ ಅದನ್ನು ಒಂಟಿಯಾಗಿ ಎಳೆದು ಹೇಳಬಹುದು. 'ಕ್' ಎಂಬುದನ್ನು ಬರಿದಾಗಿ ಹೇಳುವುದು ಕನ್ನಡದ ಬಾಯಿಗೆ ಒಗ್ಗುವುದಿಲ್ಲ. ನಮ್ಮ ಪದಗಳು ಹೆಚ್ಚುಪಾಲು ಸ್ವರದಲ್ಲೇ ಮುಗಿಯುತ್ತವೆ, ಕಾರ್ ಬಂದರೂ ಕಾರು ಮಾಡಿಕೊಳ್ಳುತ್ತೇವೆ. 'ಕಾಲು ಪದದ ಮೊದಲ ಸದ್ದು ಯಾವುದು?' ಎಂದರೆ ಮಗು 'ಕ' ಎನ್ನಬಹುದು, ಅದನ್ನು ಒಪ್ಪಿಕೊಳ್ಳಿ. 'ಕಾ' ಎಂದರೆ ಮಾತ್ರ ಇನ್ನೂ ಅಕ್ಷರದ ಮಟ್ಟದಲ್ಲೇ ಇದೆ ಎಂದು ತಿಳಿಯಿರಿ.

ಪ್ರಾಸದ ಬಗ್ಗೆ ಒಂದು ಮಾತು. ಇಂಗ್ಲಿಷಿನಿಂದ ಬಂದ ಕೈಪಿಡಿಗಳು ಪದದ ಕೊನೆ ಹೊಂದಿಸುವ ಆಟಗಳನ್ನು ರಾಶಿ ಹಾಕುತ್ತವೆ. ಕನ್ನಡದಲ್ಲಿ ಪದದ ಕೊನೆ ಹೊಂದುವುದು ತೀರ ಸುಲಭ, ವಿಭಕ್ತಿ ಪ್ರತ್ಯಯ ಹಚ್ಚಿದರೆ ಮನೆಯಲ್ಲಿ, ಮರದಲ್ಲಿ, ಊರಿನಲ್ಲಿ ಎಲ್ಲ ಪ್ರಾಸವೇ. ನಮ್ಮ ಹಳೆಯ ಕವಿಗಳ ಆದಿಪ್ರಾಸ ಇದಕ್ಕಿಂತ ಸೂಕ್ಷ್ಮ. ಅಲ್ಲಿ ಪ್ರತಿ ಸಾಲಿನ ಎರಡನೆಯ ಅಕ್ಷರದ ವ್ಯಂಜನ ಒಂದೇ ಇರಬೇಕು, ಸ್ವರ ಬೇರೆಯಾದರೂ ನಡೆಯುತ್ತದೆ. 'ಮರ, ಕರು, ಗರಿ, ಹೊರೆ' ಹೊಂದುತ್ತವೆ, 'ಮನೆ' ಹೊರಗೆ. ಸ್ವರವನ್ನು ಕಳಚಿ ವ್ಯಂಜನವನ್ನಷ್ಟೇ ಕೇಳುವ ಈ ಕಿವಿಯೇ ನಮಗೆ ಬೇಕಾದದ್ದು. ನಾಲ್ಕು ಪದ ಹೇಳಿ ಹೊಂದದ್ದನ್ನು ಆರಿಸಿ ಎಂದು ಮೂರನೆಯ ತರಗತಿಯಲ್ಲಿ ಆಡಿಸಿ ನೋಡಿ.

ಈಗ ಒತ್ತಕ್ಷರಕ್ಕೆ ಬರೋಣ, ಹೆಚ್ಚಿನ ಮಕ್ಕಳು ಬೀಳುವುದು ಇಲ್ಲೇ. 'ಶಕ್ತಿ'ಯಲ್ಲಿ ಕೇಳುವ ಕ್ರಮ ಕ್, ತ್, ಇ. ಕಾಣುವ ಕ್ರಮದಲ್ಲಿ ಗುಡಿಸು ಮೇಲೆ 'ಕ'ದ ತಲೆಯಲ್ಲಿದೆ, 'ತ' ಅದರ ಕಾಲಬುಡದಲ್ಲಿದೆ. ಮೇಲಿಂದ ಕೆಳಕ್ಕೆ ಓದಿದ ಮಗುವಿಗೆ 'ಕಿ', 'ತ' ಸಿಗುತ್ತದೆ. ಕಂಡದ್ದನ್ನು ಪ್ರಾಮಾಣಿಕವಾಗಿ ಓದಿದೆ. ಅರ್ಕಾವತ್ತು ಇನ್ನೂ ತಂಟೆಕೋರ. 'ಕರ್ಮ'ದಲ್ಲಿ 'ಮ'ಕ್ಕಿಂತ ಮೊದಲು ಕೇಳುವ 'ರ್', ಬರವಣಿಗೆಯಲ್ಲಿ 'ಮ'ದ ಬೆನ್ನಿಗೆ ಬರುತ್ತದೆ. ಕಂಪ್ಯೂಟರಿನಲ್ಲಿ ಟೈಪಿಸುವವರಿಗೆ ಇದರ ರುಚಿ ಗೊತ್ತು. ಯೂನಿಕೋಡಿನಲ್ಲಿ 'ಶಕ್ತಿ'ಯ ಕೀಲಿ ಒತ್ತುವುದು ಸದ್ದಿನ ಕ್ರಮದಲ್ಲೇ, ಅದನ್ನು ಲಿಪಿಯ ಕ್ರಮಕ್ಕೆ ಜೋಡಿಸುವುದು ಫಾಂಟಿನ ಕೆಲಸ. ಮಗು ಇದೇ ಜೋಡಣೆಯನ್ನು ತಲೆಯಲ್ಲಿ ಹಿಂದುಮುಂದಾಗಿ ಮಾಡಬೇಕು.

ಕಲಿಸುವ ದಾರಿ ಹೀಗೆ. ಮೊದಲು ಪುಸ್ತಕ ಮುಚ್ಚಿ 'ಶಕ್... ತಿ' ಎಂದು ಮುರಿದು ಹೇಳಿಸಿ. ಪ್ರತಿ ಸದ್ದಿಗೊಂದು ಬೀಜ ಇಡಿಸಿ. ಆಮೇಲೆ ಹಲಗೆಯ ಮೇಲೆ 'ಶಕ್ ತಿ' ಎಂದು ಬಿಡಿಸಿ ಬರೆದು, ಪಕ್ಕದಲ್ಲಿ 'ಶಕ್ತಿ' ಬರೆದು, ಎರಡರಲ್ಲೂ ಗುಡಿಸನ್ನು ಒಂದೇ ಬಣ್ಣದ ಸೀಮೆಸುಣ್ಣದಲ್ಲಿ ತಿದ್ದಿ. 'ಗುಡಿಸು ಮನೆ ಬದಲಿಸಿತು, ಸದ್ದು ಬದಲಿಸಲಿಲ್ಲ' ಎಂಬುದು ಕಣ್ಣಿಗೆ ಕಾಣಬೇಕು. ಅಕ್ಕಿ, ಹಳ್ಳಿ, ಬೆಣ್ಣೆಯಂಥ ಸಜಾತೀಯ ಒತ್ತು ಮೊದಲು ಬರಲಿ. ಅಲ್ಲಿ ಎರಡೂ ವ್ಯಂಜನ ಒಂದೇ ಆದ್ದರಿಂದ ಕ್ರಮ ತಪ್ಪುವ ಭಯವಿಲ್ಲ. ವಿಜಾತೀಯ ಆಮೇಲೆ. ಅರ್ಕಾವತ್ತು ಕೊನೆಗೆ, ಅದೂ 'ಕ್ರಮ-ಕರ್ಮ' ಜೋಡಿಯನ್ನು ಅಕ್ಕಪಕ್ಕ ಇಟ್ಟು. 'ಶಾಸ್ತ್ರ'ದಂಥ ಮೂರು ವ್ಯಂಜನದವಕ್ಕೆ ಅವಸರವಿಲ್ಲ.

ಇಮ್ಮಡಿ ವ್ಯಂಜನವೇ ಕೇಳಿಸದಿದ್ದರೆ? ಬಳಿ-ಬಳ್ಳಿ, ಹಳಿ-ಹಳ್ಳಿ, ಕತೆ-ಕತ್ತೆ, ಕಳ-ಕಳ್ಳ ಎಂಬ ಜೋಡಿಗಳನ್ನು ಹೇಳಿ. 'ಕತ್ತೆ' ಎನ್ನುವಾಗ ನಾಲಗೆ ಹಲ್ಲಿನ ಹಿಂದೆ ಒಂದು ಕ್ಷಣ ಅಂಟಿ ನಿಲ್ಲುವುದನ್ನು ಮಗು ತಾನೇ ಗಮನಿಸಲಿ. ಮೇಜಿನ ಮೇಲೆ 'ಕತೆ'ಗೆ ಎರಡು ತಟ್ಟು, 'ಕತ್ತೆ'ಗೆ ತಟ್ಟು, ತಡೆ, ತಟ್ಟು. ಹ್ರಸ್ವ-ದೀರ್ಘಕ್ಕೆ ನಡು-ನಾಡು, ಬೆಳೆ-ಬೇಳೆ, ಕೊಡು-ಕೋಡು ಬಳಸಿ, ದೀರ್ಘಕ್ಕೆ ಕೈಯನ್ನು ಅಗಲಿಸಿ ಎಳೆಸಿ.

ತಪ್ಪನ್ನು ಎಣಿಸುವ ಮೊದಲು ವಿಂಗಡಿಸಬೇಕು. 'ಹಾಲು' ಬದಲು 'ಆಲು' ಬರೆಯುವ ಮಗು ಮನೆಯಲ್ಲಿ ಹಾಗೆಯೇ ಮಾತಾಡುತ್ತಿರಬಹುದು. ಮಂಡ್ಯದ ಸೀಮೆಯಲ್ಲಿ ಹಕಾರ ಜಾರುವುದು ಊರಿಗೆ ಊರೇ ಆಡುವ ರೀತಿ. 'ಧನ'ವನ್ನು 'ದನ' ಎಂದು, 'ವಿಷಯ'ವನ್ನು 'ವಿಶಯ' ಎಂದು ಬರೆದರೂ ಅಷ್ಟೆ. ಆಡುಮಾತಿನಲ್ಲಿ ಈ ಭೇದಗಳು ಬಹುಪಾಲು ಇಲ್ಲ. ಇವು ಕಣ್ಣಿಗೆ ಕಲಿಸಬೇಕಾದ ಕಾಗುಣಿತದ ತಪ್ಪುಗಳು, ಕಿವಿಯ ಅಭ್ಯಾಸದಿಂದ ಹೋಗುವುದಿಲ್ಲ. 'ಬರುತ್ತಾನೆ' ಎಂದು ಹೇಳಿದಾಗ 'ಬರ್ತಾನೆ' ಎಂದು ಬರೆದ ಮಗುವಂತೂ ತನ್ನ ಮಾತಿನ ಸದ್ದನ್ನು ಸರಿಯಾಗಿಯೇ ಬಿಡಿಸಿದೆ, ಅರ್ಕಾವತ್ತು ಬೇರೆ ಹಾಕಿದೆ! ಪುಸ್ತಕದ ಕನ್ನಡ ಮನೆಯ ಕನ್ನಡಕ್ಕಿಂತ ಬೇರೆ ಎಂದು ಹೇಳಿಕೊಟ್ಟರೆ ಸಾಕು. ಸೊನ್ನೆಯದೂ ಇಂಥದೇ ಕತೆ. ಅಂಗಡಿ, ಮಂಚ, ತಂದೆ, ತಂಬಿಗೆ ನಾಲ್ಕರಲ್ಲೂ ಸೊನ್ನೆಯ ಸದ್ದು ಬೇರೆ ಬೇರೆ, ಮುಂದಿನ ವ್ಯಂಜನವೇ ಅದನ್ನು ನಿರ್ಧರಿಸುತ್ತದೆ. 'ತನ್ದೆ' ಎಂದು ಬರೆದವನ ಕಿವಿಗೆ ಪೂರ್ಣಾಂಕ ಕೊಡಬೇಕು.

ಚಿಂತೆ ಮಾಡಬೇಕಾದ ತಪ್ಪುಗಳು ಬೇರೆ. 'ಕತೆ', 'ಕತ್ತೆ' ಎಂದು ಹೇಳಿದಾಗ ಸರಿಯಾದ ಚಿತ್ರ ತೋರಿಸಲು ಆಗದಿರುವುದು, ಪದದ ನಡುವಿನ ಅಕ್ಷರವೇ ಬಿಟ್ಟುಹೋಗುವುದು, 'ದೋಗುಪಿ', 'ಟಮಿಲೆ'ಯಂಥ ಇಲ್ಲದ ಪದ ಓದಲು ಕೊಟ್ಟಾಗ ಮೊದಲ ಅಕ್ಷರ ನೋಡಿ ಯಾವುದೋ ಗೊತ್ತಿರುವ ಪದ ಹೇಳಿಬಿಡುವುದು. ಪಾಠವನ್ನು ಗಡಗಡ ಓದಿ, ಇಲ್ಲದ ಪದದ ಮುಂದೆ ತಡವರಿಸುವ ಮಗು ಪಾಠವನ್ನು ಬಾಯಿಪಾಠ ಮಾಡಿರುತ್ತದೆ. ಇಂಥಲ್ಲಿ ಮೊದಲು ಶ್ರವಣ ಪರೀಕ್ಷೆ ಆಗಬೇಕು. ಪದೇ ಪದೇ ನೆಗಡಿಯಾಗಿ ಕಿವಿ ಸೋರುವ ಮಕ್ಕಳಿಗೆ ಸಣ್ಣ ಪ್ರಮಾಣದ ಕೇಳುವ ತೊಂದರೆ ಇದ್ದು, ಅದು ಯಾರಿಗೂ ತಿಳಿಯದೇ ಇರಬಹುದು.

ಕಿವಿ ಸರಿಯಿದ್ದು, ದಿನಾ 10 ನಿಮಿಷದಂತೆ ಮೂರು ತಿಂಗಳು ಅಭ್ಯಾಸವಾದ ಮೇಲೂ ಸ್ವರ ಬದಲಿಸುವ ಆಟದಲ್ಲೇ ಮಗು ನಿಂತಿದ್ದರೆ ವಾಕ್ ಶ್ರವಣ ತಜ್ಞರನ್ನೋ ಕಲಿಕಾ ನ್ಯೂನತೆ ಪರೀಕ್ಷಿಸುವ ಮನಶ್ಶಾಸ್ತ್ರಜ್ಞರನ್ನೋ ಕಾಣಬೇಕು. 2016ರ ಅಂಗವಿಕಲರ ಹಕ್ಕುಗಳ ಕಾಯ್ದೆಯಲ್ಲಿ ನಿರ್ದಿಷ್ಟ ಕಲಿಕಾ ನ್ಯೂನತೆಯೂ ಸೇರಿದೆ. ಹೋಗುವಾಗ ಅಂಕಪಟ್ಟಿಗಿಂತ ಉಪಯೋಗಕ್ಕೆ ಬರುವುದು ತಿದ್ದದ ಉಕ್ತಲೇಖನದ ಪುಸ್ತಕ. 20 ಪದ ಹೇಳಿ ಬರೆಸಿ: ಒತ್ತಿಲ್ಲದವು ಐದು, ದೀರ್ಘದವು ಐದು, ಸಜಾತೀಯ ಒತ್ತಿನವು ಐದು, ವಿಜಾತೀಯ ಮತ್ತು ಅರ್ಕಾವತ್ತಿನವು ಐದು. ಕೆಂಪು ಶಾಯಿ ಹಾಕದೆ ಹಾಗೇ ಒಯ್ಯಿರಿ. ಮನೆಯಲ್ಲಿ ಆಡುವ ಭಾಷೆ ಉರ್ದುವೋ ತೆಲುಗೋ ತುಳುವೋ ಆಗಿದ್ದರೆ ಅದನ್ನೂ ಮರೆಯದೆ ಹೇಳಿ.