ಎರಡು ವರ್ಷ ಬಿಟ್ಟು ಸರ್ಕಾರ ಅಪೀಲು ಹಾಕಿದರೆ ಕೋರ್ಟು ತೆಗೆದುಕೊಳ್ಳುತ್ತದಾ?

ಅಂಕೋಲಾ ಕಡೆಯ ಓದುಗರ ಪ್ರಶ್ನೆ: "ನಮ್ಮ ಜಮೀನು ಸ್ವಾಧೀನಕ್ಕೆ ಹೋಗಿತ್ತು. ಕೆಳಕೋರ್ಟು ಪರಿಹಾರ ಜಾಸ್ತಿ ಮಾಡಿ ಎರಡು ವರ್ಷ ದಾಟಿತು. ಈಗ ಸರ್ಕಾರ ಹೈಕೋರ್ಟಿನ ಧಾರವಾಡ ಪೀಠದಲ್ಲಿ ಅಪೀಲು ಹಾಕಿದೆ, ಜೊತೆಗೆ ವಿಳಂಬ ಮನ್ನಾ ಅರ್ಜಿ. ನಾವು ತಡ ಮಾಡಿದ್ರೆ ಬಾಗಿಲು ಹಾಕ್ತಾರೆ. ಸರ್ಕಾರಕ್ಕೆ ಬೇರೆ ಕಾನೂನಾ?"

ಇಲ್ಲ, ಕಾನೂನು ಒಂದೇ. ಕೋರ್ಟುಗಳು ಸರ್ಕಾರವನ್ನು ನೋಡುವ ಕಣ್ಣು ಮಾತ್ರ ಬಹಳ ಕಾಲ ಸ್ವಲ್ಪ ಮೆತ್ತಗಿತ್ತು.

1963ರ ಕಾಲಮಿತಿ ಕಾಯ್ದೆ ಪ್ರಕಾರ ಡಿಕ್ರಿ (ಸಿವಿಲ್ ಕೋರ್ಟಿನ ತೀರ್ಪಿನ ಆದೇಶ) ಮೇಲೆ ಹೈಕೋರ್ಟಿಗೆ ಅಪೀಲು ಹೋಗಲು 90 ದಿನ, ಬೇರೆ ಕೋರ್ಟಿಗೆ 30 ದಿನ. ದೃಢೀಕೃತ ನಕಲು ಸಿಗಲು ಹಿಡಿದ ದಿನಗಳನ್ನು ಲೆಕ್ಕದಿಂದ ಬಿಡುತ್ತಾರೆ. ಆಮೇಲೂ ತಡವಾದರೆ 5ನೇ ಕಲಂ ಇದೆ: ಸಾಕಷ್ಟು ಕಾರಣ ತೋರಿಸಿದರೆ ಕೋರ್ಟು ಮನ್ನಾ ಮಾಡಬಹುದು. ಎಷ್ಟು ದಿನದವರೆಗೆ ಅಂತ ಮಿತಿ ಹಾಕಿಲ್ಲ. ಹಾಗಾಗಿ "ಎರಡು ವರ್ಷ ಆಯ್ತಲ್ಲ, ಬಿದ್ದೇ ಹೋಗುತ್ತೆ" ಅಂತ ನೀವು ನಿಶ್ಚಿಂತೆಯಿಂದ ಕೂರುವಂತಿಲ್ಲ.

1987ರಲ್ಲಿ ಸುಪ್ರೀಂ ಕೋರ್ಟು, ಅನಂತನಾಗ್ ಕಲೆಕ್ಟರ್ ನಾಲ್ಕು ದಿನ ತಡ ಮಾಡಿದ ಕೇಸಿನಲ್ಲಿ, ಇಂಥದ್ದನ್ನು ಉದಾರವಾಗಿ ನೋಡಿ ಎಂದಿತು. ನಾಲ್ಕೇ ದಿನ! ಅದನ್ನೇ ಹಿಡಿದುಕೊಂಡು ಇಲಾಖೆಗಳು ವರ್ಷಗಟ್ಟಲೆ ತಡ ಮಾಡಿ, "ಫೈಲು ಮೇಜಿನಿಂದ ಮೇಜಿಗೆ ಹೋಗಬೇಕು, ಕಾನೂನು ಇಲಾಖೆ ಒಪ್ಪಬೇಕು, ಅಧಿಕಾರಿ ವರ್ಗವಾದರು" ಅಂತ ಅದೇ ಅಫಿಡವಿಟ್ಟನ್ನು ಹೆಸರು ಬದಲಿಸಿ ಹಾಕುತ್ತಾ ಬಂದವು.

2012ರಲ್ಲಿ ಅಂಚೆ ಇಲಾಖೆ 427 ದಿನ ತಡವಾಗಿ ಬಂದಾಗ ಸುಪ್ರೀಂ ಕೋರ್ಟು ವಾಪಸ್ ಕಳಿಸಿತು. ಕೆಂಪುಪಟ್ಟಿಯ ಕಥೆ ಇನ್ನು ನಡೆಯಲ್ಲ, ಕಾಲಮಿತಿ ಸರ್ಕಾರಕ್ಕೂ ಅನ್ವಯ ಎಂಬುದು ಆ ತೀರ್ಪಿನ ಸಾರ. 2020ರಲ್ಲಿ ಮಧ್ಯಪ್ರದೇಶ ಸರ್ಕಾರದ 663 ದಿನದ ತಡಕ್ಕೆ 25,000 ರೂಪಾಯಿ ದಂಡ ಹಾಕಿ, ತಪ್ಪು ಮಾಡಿದ ಅಧಿಕಾರಿಗಳಿಂದಲೇ ವಸೂಲಿ ಮಾಡಿ ಎಂದಿತು. ಇಂಥವನ್ನು 'ಸರ್ಟಿಫಿಕೇಟ್ ಕೇಸು' ಅಂತ ಕರೆದದ್ದೂ ಅಲ್ಲೇ. ಅಂದರೆ ಗೆಲ್ಲಲು ಬಂದದ್ದಲ್ಲ, "ಸುಪ್ರೀಂ ಕೋರ್ಟಿಗೂ ಹೋಗಿದ್ದೆವು, ವಜಾ ಆಯ್ತು" ಅಂತ ಫೈಲು ಮುಚ್ಚಲು ಬಂದದ್ದು. ನಮ್ಮದೇ ಕರ್ನಾಟಕ ಗೃಹ ಮಂಡಳಿಯ 3,966 ದಿನಗಳ ತಡವನ್ನು ಹೈಕೋರ್ಟು ಮನ್ನಾ ಮಾಡಿತ್ತು. 2025ರಲ್ಲಿ ಸುಪ್ರೀಂ ಕೋರ್ಟು ಆ ಆದೇಶವನ್ನೇ ರದ್ದು ಮಾಡಿತು. ಹತ್ತು ವರ್ಷಕ್ಕೂ ಜಾಸ್ತಿ, ಅಲ್ವಾ?

ಆದರೂ ಸಾರ್ವಜನಿಕ ದುಡ್ಡಿನ ಮಾತು ಬಂದಾಗ, ಸರ್ಕಾರದ ಮೇಲೆ ಕೋರ್ಟು ಖರ್ಚು ಹೊರಿಸಿ ತಡ ಮನ್ನಾ ಮಾಡುವುದು ಈಗಲೂ ಇದೆ. ಅದಕ್ಕೇ ಲಿಖಿತ ತಕರಾರು ಹಾಕಿ. "ತುಂಬಾ ತಡವಾಗಿದೆ" ಅಂತ ಸುಮ್ನೆ ಬರೆದರೆ ಪ್ರಯೋಜನ ಕಮ್ಮಿ. ತಾರೀಖು ಕೇಳಿ. ನಕಲಿಗೆ ಅರ್ಜಿ ಹಾಕಿದ್ದು ಯಾವಾಗ, ಸರ್ಕಾರಿ ವಕೀಲರ ಅಭಿಪ್ರಾಯ ಬಂದದ್ದು ಯಾವಾಗ, ಆಮೇಲೆ ಫೈಲು ಯಾರ ಟೇಬಲ್ಲಿನಲ್ಲಿ ಎಷ್ಟು ತಿಂಗಳು ಇತ್ತು? ಟಿಪ್ಪಣಿ ಹಾಳೆಗಳಿಗೆ ಮಾಹಿತಿ ಹಕ್ಕಿನಲ್ಲಿ ಅರ್ಜಿ ಹಾಕಬಹುದು. ಅಫಿಡವಿಟ್ಟಿಗೂ ಆ ಹಾಳೆಗೂ ತಾಳೆಯಾಗದಿದ್ದರೆ ನಿಮ್ಮ ವಕೀಲರಿಗೆ ಅದಕ್ಕಿಂತ ಒಳ್ಳೆಯ ವಾದ ಬೇಕಿಲ್ಲ.

ಇನ್ನೊಂದು ಮಾತು ನಮ್ಮ ಕಡೆ ಬಹಳ ಜನರಿಗೆ ಗೊತ್ತಿಲ್ಲ. ಅಪೀಲು ಹಾಕಿದ ಮಾತ್ರಕ್ಕೆ ಡಿಕ್ರಿಗೆ ತಡೆ ಬೀಳುವುದಿಲ್ಲ. ಸಿವಿಲ್ ಪ್ರಕ್ರಿಯಾ ಸಂಹಿತೆಯ 41ನೇ ಆದೇಶ, 3ಎ ನಿಯಮ ನೋಡಿ: ತಡವಾದ ಅಪೀಲಿನಲ್ಲಿ, ತಡದ ವಿಚಾರ ಮುಗಿದು ಅಪೀಲು ಕೇಳಲು ಕೋರ್ಟು ತೀರ್ಮಾನಿಸುವವರೆಗೆ ತಡೆಯಾಜ್ಞೆಯನ್ನೇ ಕೊಡುವಂತಿಲ್ಲ. ಹಾಗಾಗಿ ಅಮಲ್ಜಾರಿ ಅರ್ಜಿ (ಡಿಕ್ರಿ ಪ್ರಕಾರ ಹಣ ವಸೂಲಿಗೆ ಹಾಕುವ ಅರ್ಜಿ) ನಿಲ್ಲಿಸಬೇಡಿ. ಹಳೆಯ 1894ರ ಕಾಯ್ದೆಯ ಕೇಸಾದರೆ, ಹೆಚ್ಚಾದ ಪರಿಹಾರಕ್ಕೆ ಜಮೀನು ವಶಪಡಿಸಿಕೊಂಡ ಮೊದಲ ವರ್ಷ ಶೇ 9, ಆಮೇಲೆ ಶೇ 15 ಬಡ್ಡಿ. ಇಲಾಖೆಯ ತಡಕ್ಕೆ ಬಡ್ಡಿ ಕಟ್ಟುವುದು ಕೊನೆಗೆ ನಮ್ಮ ತೆರಿಗೆ ದುಡ್ಡೇ, ಬೇರೆ ಮಾತು.

ಅಕಸ್ಮಾತ್ ಮನ್ನಾ ಆಗಿಬಿಟ್ಟರೆ? ಅಪೀಲಿನ ವಿಚಾರಣೆಯ ನೋಟಿಸ್ ತಲುಪಿದ ಒಂದು ತಿಂಗಳೊಳಗೆ ನೀವೂ ಪ್ರತಿ ಆಕ್ಷೇಪ ಹಾಕಿ ಇನ್ನೂ ಜಾಸ್ತಿ ಪರಿಹಾರ ಕೇಳಬಹುದು.

66ನೇ ಹೆದ್ದಾರಿ ಅಗಲೀಕರಣದಲ್ಲಿ ಜಮೀನು ಹೋದವರ ಲೆಕ್ಕ ಮಾತ್ರ ಬೇರೆ. ಅಲ್ಲಿ ಪರಿಹಾರದ ತಕರಾರು ಮಧ್ಯಸ್ಥಗಾರರ (ಆರ್ಬಿಟ್ರೇಟರ್) ಮುಂದೆ ಹೋಗುತ್ತದೆ; ಅವರ ಆದೇಶ ಪ್ರಶ್ನಿಸಲು ಮೂರು ತಿಂಗಳು, ಕಾರಣ ತೋರಿಸಿದರೆ ಇನ್ನು 30 ದಿನ, ಅದರ ಮೇಲೆ ಒಂದು ದಿನವೂ ಇಲ್ಲ. ಅಲ್ಲಿ 5ನೇ ಕಲಂ ನಡೆಯಲ್ಲ ಅಂತ 2001ರಲ್ಲೇ ತೀರ್ಮಾನವಾಗಿದೆ. ಹೆದ್ದಾರಿ ಪ್ರಾಧಿಕಾರಕ್ಕೂ ಅಷ್ಟೇ, ನಿಮಗೂ ಅಷ್ಟೇ, ಹಾಗಾಗಿ ಆದೇಶದ ಪ್ರತಿ ಬಂದ ಲಕೋಟೆಯನ್ನು ತಾರೀಖಿನ ಮುದ್ರೆ ಸಮೇತ ಎತ್ತಿಡಿ.