ಒಂದೇ ಗ್ಯಾಲಕ್ಸಿಗೆ ಎಂ 31 ಅಂತಾರೆ, ಎನ್‌ಜಿಸಿ 224 ಅಂತಾರೆ. ಯಾವುದು ಸರಿ?

ಪ್ರಶ್ನೆ: ಬೈನಾಕ್ಯುಲರ್ ತಗೊಂಡು ಆಕಾಶ ನೋಡಲು ಶುರು ಮಾಡಿದ್ದೇನೆ. ಮೊಬೈಲ್ ಆ್ಯಪ್‌ನಲ್ಲಿ ಆಂಡ್ರೊಮಿಡಾ ಗ್ಯಾಲಕ್ಸಿಗೆ ಒಂದು ಕಡೆ ಎಂ 31, ಇನ್ನೊಂದು ಕಡೆ ಎನ್‌ಜಿಸಿ 224 ಅಂತ ಇದೆ. ಕೆಲವಕ್ಕೆ ಸಿ ಅಂತಲೂ ನಂಬರ್ ಬರುತ್ತದೆ. ಯಾವುದು ಸರಿ? ನಮ್ಮ ಕಡೆಯಿಂದ ನೋಡುವವರು ಯಾವ ಪಟ್ಟಿ ಹಿಡಿಯಬೇಕು?
– ಚಳ್ಳಕೆರೆ ತಾಲ್ಲೂಕಿನ ಓದುಗರು

ಉತ್ತರ: ಎಲ್ಲವೂ ಸರಿ. ದಾವಣಗೆರೆಯ ಒಂದು ಮನೆಗೆ ಪಾಲಿಕೆಯ ಖಾತೆ ನಂಬರ್ ಬೇರೆ, ಬೆಸ್ಕಾಂ ಮೀಟರಿನ ಆರ್‌ಆರ್ ನಂಬರ್ ಬೇರೆ. ಮನೆ ಒಂದೇ. ಆಕಾಶದ ಪಟ್ಟಿಗಳನ್ನೂ ಬೇರೆ ಬೇರೆ ಜನ, ಬೇರೆ ಬೇರೆ ಕೆಲಸಕ್ಕೆ ಮಾಡಿಕೊಂಡರು. ಹಾಗಾಗಿ ನಿಮ್ಮ ಎರಡನೇ ಪ್ರಶ್ನೆಯೇ ನನಗೆ ಮುಖ್ಯ. ಪಟ್ಟಿ ಮಾಡಿದವರು ಯಾವ ಊರಲ್ಲಿ ನಿಂತು ನೋಡಿದರು ಅಂತ ಕೇಳದೆ ಸುಮ್ನೆ ಅದನ್ನೇ ಹಿಡಿದು ಹೊರಟರೆ, ಚಳ್ಳಕೆರೆಯ ಆಕಾಶದ ಅತಿ ಚೆಂದದ ನಕ್ಷತ್ರಗುಚ್ಛವೇ ಕೈತಪ್ಪುತ್ತದೆ.

ಎಂ ಅಂದರೆ ಮೆಸ್ಸಿಯೆ. ಚಾರ್ಲ್ಸ್ ಮೆಸ್ಸಿಯೆ 18ನೇ ಶತಮಾನದಲ್ಲಿ ಪ್ಯಾರಿಸ್‌ನಲ್ಲಿದ್ದ ಧೂಮಕೇತು ಬೇಟೆಗಾರ. 1758ರಲ್ಲಿ ಅವನಿಗೆ ವೃಷಭ ರಾಶಿಯಲ್ಲಿ ಧೂಮಕೇತುವಿನಂಥದ್ದೇ ಒಂದು ಮಸುಕು ಕಂಡಿತು. ಧೂಮಕೇತುವಾಗಿದ್ದರೆ ದಿನ ಕಳೆದಂತೆ ಜಾಗ ಬದಲಿಸಬೇಕಿತ್ತು. ಇದು ಇದ್ದಲ್ಲೇ ಇತ್ತು. ಇಂಥವನ್ನು ಗುರುತು ಹಾಕಿಟ್ಟುಕೊಂಡರೆ ಮತ್ತೆ ಮೋಸಹೋಗುವುದು ತಪ್ಪುತ್ತದೆ ಅಂತ ಅವನು ಪಟ್ಟಿ ಬರೆಯತೊಡಗಿದ. ಆ ಮೊದಲ ಮಸುಕೇ ಎಂ 1, ಈಗ ಏಡಿ ನೀಹಾರಿಕೆ ಅಂತ ಕರೆಯುತ್ತಾರೆ. 1054ರಲ್ಲಿ ಸಿಡಿದದ್ದು ಕಂಡ ನಕ್ಷತ್ರವೊಂದರ ಅವಶೇಷ ಅದು. ನಾವು ಇವತ್ತು ಹುಡುಕಿಕೊಂಡು ಹೋಗಿ ನೋಡುವ ವಸ್ತುಗಳು ಅವನಿಗೆ ಅಡ್ಡಿಗಳಾಗಿದ್ದವು!

1774ರಲ್ಲಿ ಅಚ್ಚಾದ ಮೊದಲ ಪಟ್ಟಿಯಲ್ಲಿ 45 ವಸ್ತುಗಳಿದ್ದವು. ಕೊನೆಯದು ನಮ್ಮ ಕೃತ್ತಿಕೆ, ಎಂ 45. 1781ರ ಹೊತ್ತಿಗೆ 103 ಆದವು. ಉಳಿದವನ್ನು 20ನೇ ಶತಮಾನದಲ್ಲಿ ಬೇರೆಯವರು ಸೇರಿಸಿದ್ದರಿಂದ ಈಗ 110. ಪುಷ್ಯ ನಕ್ಷತ್ರದ ಜಾಗದಲ್ಲಿರುವ ಎಂ 44, ಜ್ಯೇಷ್ಠಾ ಪಕ್ಕದ ಎಂ 4, ಮೂಲಾ ನಕ್ಷತ್ರದ ಹತ್ತಿರದ ಎಂ 7 ಎಲ್ಲ ಇದರಲ್ಲಿವೆ. ಹೊಸಬರಿಗೆ ಒಳ್ಳೆಯ ಪಟ್ಟಿ, ಅದರಲ್ಲಿ ಅನುಮಾನ ಇಲ್ಲ.

ಆದರೆ ಪ್ಯಾರಿಸ್ ಇರುವುದು ಸುಮಾರು 49 ಡಿಗ್ರಿ ಉತ್ತರ ಅಕ್ಷಾಂಶದಲ್ಲಿ. ದಾವಣಗೆರೆ, ಚಿತ್ರದುರ್ಗ, ಚಳ್ಳಕೆರೆ ಎಲ್ಲ 14 ಡಿಗ್ರಿ ಚಿಲ್ಲರೆಯಲ್ಲಿ. ಪಟ್ಟಿಯಲ್ಲಿ ಎಲ್ಲಕ್ಕಿಂತ ದಕ್ಷಿಣದಲ್ಲಿರುವ ಎಂ 7 ಪ್ಯಾರಿಸ್‌ನಲ್ಲಿ ದಿಗಂತದಿಂದ ಬರೀ 6 ಡಿಗ್ರಿ ಮೇಲೇರುತ್ತದೆ. ನಮ್ಮಲ್ಲಿ 41 ಡಿಗ್ರಿ ಏರುತ್ತದೆ. ಅದಕ್ಕಿಂತ ಜಾಸ್ತಿ ದಕ್ಷಿಣದಲ್ಲಿರುವ ಯಾವುದೂ ಮೆಸ್ಸಿಯೆ ಪಟ್ಟಿಯಲ್ಲಿಲ್ಲ. ಹೀಗೆ ಬಿಟ್ಟುಹೋದದ್ದರಲ್ಲಿ ಒಮೇಗಾ ಸೆಂಟಾರಿಯೂ ಒಂದು. ನಮ್ಮ ಕ್ಷೀರಪಥದಲ್ಲೇ ಅತಿ ದೊಡ್ಡ ಗೋಳಾಕಾರದ ನಕ್ಷತ್ರಗುಚ್ಛ ಅದು. ಸುಮಾರು ಒಂದು ಕೋಟಿ ನಕ್ಷತ್ರಗಳು, ದೂರ ಸುಮಾರು 17,000 ಜ್ಯೋತಿರ್ವರ್ಷ. ಪ್ಯಾರಿಸ್‌ನಲ್ಲಿ ಅದು ದಿಗಂತ ದಾಟಿ ಮೇಲೆ ಬರುವುದೇ ಇಲ್ಲ.

ಇನ್ನು ಎನ್‌ಜಿಸಿ. ಪೂರ್ತಿ ಹೆಸರು ನ್ಯೂ ಜನರಲ್ ಕ್ಯಾಟಲಾಗ್. ಹಿಂದಿನ ಕೆಲಸ ಹರ್ಷೆಲ್ ಮನೆತನದ್ದು. ವಿಲಿಯಂ ಹರ್ಷೆಲ್ ಮತ್ತು ತಂಗಿ ಕ್ಯಾರೊಲಿನ್ ಇಂಗ್ಲೆಂಡಿನಲ್ಲಿ ಎರಡು ದಶಕ ಆಕಾಶವನ್ನು ಜಾಲಾಡಿ ಸುಮಾರು 2,500 ವಸ್ತುಗಳನ್ನು ದಾಖಲಿಸಿದರು. ಅಣ್ಣ ಮೇಲೆ ಟೆಲಿಸ್ಕೋಪಿನಲ್ಲಿ ನೋಡಿ ಕೂಗಿ ಹೇಳುತ್ತಿದ್ದ, ತಂಗಿ ಕೆಳಗೆ ಬರೆದುಕೊಳ್ಳುತ್ತಿದ್ದಳು. ಆಕೆ ಬರೀ ಗುಮಾಸ್ತಿಕೆ ಮಾಡಿದವಳಲ್ಲ. ಎನ್‌ಜಿಸಿ 253 ಎಂಬ ದೊಡ್ಡ ಗ್ಯಾಲಕ್ಸಿಯನ್ನು 1783ರಲ್ಲಿ ಕಂಡುಹಿಡಿದವಳು ಆಕೆಯೇ. ವಿಲಿಯಂನ ಮಗ ಜಾನ್ 1834ರಲ್ಲಿ ದಕ್ಷಿಣ ಆಫ್ರಿಕಾದ ಕೇಪ್‌ಗೆ ಹೋಗಿ, ಅಪ್ಪ ನೋಡಲಾಗದ ದಕ್ಷಿಣದ ಆಕಾಶವನ್ನು ನಾಲ್ಕು ವರ್ಷ ನೋಡಿದ. ಇದೆಲ್ಲವನ್ನೂ, ಬೇರೆಯವರು ಕಂಡದ್ದನ್ನೂ ಸೇರಿಸಿ ಐರ್ಲೆಂಡಿನ ಆರ್ಮಾ ವೀಕ್ಷಣಾಲಯದ ಡ್ರೇಯರ್ 1888ರಲ್ಲಿ 7,840 ವಸ್ತುಗಳ ಪಟ್ಟಿ ಪ್ರಕಟಿಸಿದ. ಆಮೇಲಿನ ಎರಡು ಪುರವಣಿಗಳೇ ಐಸಿ (ಇಂಡೆಕ್ಸ್ ಕ್ಯಾಟಲಾಗ್) ನಂಬರಿನವು.

ಎನ್‌ಜಿಸಿ ನಂಬರಿನಲ್ಲಿ ಒಂದು ಉಪಯೋಗ ಇದೆ. ಮೆಸ್ಸಿಯೆ ನಂಬರ್ ಹೆಚ್ಚುಕಡಿಮೆ ಅವನು ದಾಖಲಿಸಿದ ಸರದಿ, ಅದರಿಂದ ನಮಗೇನೂ ತಿಳಿಯದು. ಡ್ರೇಯರ್ ಮಾತ್ರ ಆಕಾಶದಲ್ಲಿ ಪಶ್ಚಿಮದಿಂದ ಪೂರ್ವಕ್ಕೆ ಸಾಲಾಗಿ ನಂಬರ್ ಕೊಟ್ಟ. ಹಾಗಾಗಿ ನಂಬರ್ ನೋಡಿದರೆ ಯಾವ ತಿಂಗಳಲ್ಲಿ ನೋಡಬೇಕು ಅಂತ ಅಂದಾಜು ಸಿಗುತ್ತದೆ. ರಾತ್ರಿ 9ರ ಹೊತ್ತಿಗೆ ಚೆನ್ನಾಗಿ ಮೇಲೆ ಇರಬೇಕು ಅಂದರೆ ಒಂದೆರಡು ನೂರರೊಳಗಿನವು ನವೆಂಬರ್‌ಗೆ, 2000ದ ಆಸುಪಾಸಿನವು ಜನವರಿ ಕೊನೆಗೆ, 5000ದವು ಮೇ ತಿಂಗಳಿಗೆ. 7000 ದಾಟಿದವು ಸೆಪ್ಟೆಂಬರ್, ಅಕ್ಟೋಬರ್‌ಗೆ, ಮೋಡ ಬಿಟ್ಟರೆ. ನಿಮ್ಮ 224 ಅದಕ್ಕೇ ನವೆಂಬರ್ ಕೊನೆಯ ರಾತ್ರಿಗಳಲ್ಲಿ ಉತ್ತರಕ್ಕೆ ಎತ್ತರದಲ್ಲಿರುತ್ತದೆ. ಅವನ ಲೆಕ್ಕ 1860ರ ಸ್ಥಾನಗಳದ್ದು. ಭೂಮಿಯ ಅಕ್ಷ ನಿಧಾನಕ್ಕೆ ತಿರುಗುವುದರಿಂದ ಅಲ್ಲಲ್ಲಿ ಸಾಲು ಸ್ವಲ್ಪ ಏರುಪೇರಾಗಿದೆ. ತಿಂಗಳು ಹೇಳಲು ಅದು ಅಡ್ಡಿಯಲ್ಲ.

ಒಮೇಗಾ ಸೆಂಟಾರಿಯ ನಂಬರ್ ಎನ್‌ಜಿಸಿ 5139. ಅಂದರೆ ಮೇ ಅಲ್ವಾ? ಮೇ ಮೊದಲ ವಾರ, ಅಮಾವಾಸ್ಯೆ ಆಸುಪಾಸು, ರಾತ್ರಿ 11ರ ಸುಮಾರಿಗೆ ದಕ್ಷಿಣಕ್ಕೆ ಮುಖ ಮಾಡಿ ನಿಲ್ಲಿ. ದಕ್ಷಿಣದಲ್ಲಿ ಗುಡ್ಡ, ಊರ ಬೆಳಕು ಅಡ್ಡ ಇರಬಾರದು. ನಿಮ್ಮ ಕಡೆಯ ಶೇಂಗಾ ಹೊಲಗಳು ಬೇಸಿಗೆಯಲ್ಲಿ ಖಾಲಿ, ನೆಲವೂ ಬಯಲು, ಚಿಂತೆಯಿಲ್ಲ. ದಾವಣಗೆರೆಯವರು ಹರಪನಹಳ್ಳಿ ಕಡೆ ಹೋದರೆ ಊರಿನ ಬೆಳಕೆಲ್ಲ ನೋಡಬೇಕಾದ ದಿಕ್ಕಿಗೇ ಬರುತ್ತದೆ. ಚನ್ನಗಿರಿ ಕಡೆ ಹೋಗುವುದು ಒಳ್ಳೆಯದು.

ಮೊದಲು ಚಿತ್ತಾ ನಕ್ಷತ್ರ ಹಿಡಿಯಿರಿ. ರೈತರು ಚಿತ್ತಾ ಮಳೆ ಅನ್ನುತ್ತಾರಲ್ಲ, ಅದೇ ಚಿತ್ತಾ. ಸಪ್ತರ್ಷಿಯ ಬಾಲದ ಬಾಗನ್ನು ಹಾಗೇ ಮುಂದುವರಿಸಿದರೆ ಸ್ವಾತಿ, ಇನ್ನೂ ಮುಂದೆ ಹೋದರೆ ಬೆಳ್ಳಗಿನ ಚಿತ್ತಾ. ಈಗ ಕೈ ಪೂರ್ತಿ ಚಾಚಿ ಮುಷ್ಟಿ ಹಿಡಿದರೆ ಅದರ ಅಗಲ ಸುಮಾರು 10 ಡಿಗ್ರಿ. ಚಿತ್ತಾದಿಂದ ನೇರ ಕೆಳಕ್ಕೆ ಮೂರೂವರೆ ಮುಷ್ಟಿ ಇಳಿಯಿರಿ. ದಿಗಂತದಿಂದ 28 ಡಿಗ್ರಿ ಮೇಲೆ, ಬರಿಗಣ್ಣಿಗೆ ಸ್ವಲ್ಪ ಉಬ್ಬಿದಂತಿರುವ ಮಸುಕು ನಕ್ಷತ್ರವೊಂದು ಸಿಗುತ್ತದೆ. ಬೈನಾಕ್ಯುಲರ್ ಹಿಡಿದರೆ ಹುಣ್ಣಿಮೆ ಚಂದ್ರನ ಹತ್ತಿರ ಹತ್ತಿರ ಬರುವಷ್ಟು ಅಗಲದ, ನಡುವೆ ಗಟ್ಟಿಯಾಗಿ ಅಂಚಿಗೆ ಕರಗಿಹೋಗುವ ದುಂಡನೆಯ ಬೆಳಕು. ಒಂದೊಂದೇ ನಕ್ಷತ್ರ ಬಿಡಿಬಿಡಿಯಾಗಿ ಕಾಣಬೇಕಾದರೆ ಟೆಲಿಸ್ಕೋಪ್ ಬೇಕು.

ಅದರ ಮೇಲೆ, ಅರ್ಧ ಮುಷ್ಟಿಯಷ್ಟು ದೂರದಲ್ಲಿ, ಎನ್‌ಜಿಸಿ 5128 ಇದೆ. ತುಂಬಾ ಕಪ್ಪಗಿನ ಆಕಾಶ ಇದ್ದರೆ ಬೈನಾಕ್ಯುಲರ್‌ಗೂ ಸಿಗುತ್ತದೆ. 5128, 5139: ನಂಬರಿನಲ್ಲೂ ನೆರೆಹೊರೆ, ಆಕಾಶದಲ್ಲೂ ನೆರೆಹೊರೆ. ಆದರೆ 5128 ಬೇರೆಯೇ ಒಂದು ಗ್ಯಾಲಕ್ಸಿ, ಸುಮಾರು 1.2 ಕೋಟಿ ಜ್ಯೋತಿರ್ವರ್ಷ ದೂರ. ಒಮೇಗಾಕ್ಕಿಂತ ಸುಮಾರು 700 ಪಟ್ಟು ಆಚೆ. ಡ್ರೇಯರ್ ಕಾಲದಲ್ಲಿ ಇದನ್ನು ಅಳೆಯುವ ದಾರಿ ಯಾರಿಗೂ ಗೊತ್ತಿರಲಿಲ್ಲ. ಆಂಡ್ರೊಮಿಡಾ ನಮ್ಮ ಕ್ಷೀರಪಥದ ಹೊರಗಿದೆ ಅಂತ ಎಡ್ವಿನ್ ಹಬಲ್ ತೋರಿಸಿದ್ದು 1920ರ ದಶಕದಲ್ಲಿ. ಅದಕ್ಕೇ ಅನಿಲದ ಮೋಡ, ನಕ್ಷತ್ರಗುಚ್ಛ, ಗ್ಯಾಲಕ್ಸಿ ಎಲ್ಲ ಒಂದೇ ಸಾಲಿನಲ್ಲಿ ಕೂತಿವೆ.

ದಕ್ಷಿಣ ಭಾರತದಿಂದ ನೋಡುವುದರ ಲಾಭಕ್ಕೆ ಹಳೆಯ ಸಾಕ್ಷಿಯೂ ಇದೆ. ಒಮೇಗಾ ಇರುವ ಸೆಂಟಾರಸ್ ತಾರಾಮಂಡಲದ ಆಲ್ಫಾ ನಕ್ಷತ್ರ ಒಂದಲ್ಲ, ಜೋಡಿ ಅಂತ 1689ರಲ್ಲಿ ಪತ್ತೆಯಾದದ್ದು ಪುದುಚೇರಿಯಲ್ಲಿ. ರಿಶೋ ಎಂಬ ಫ್ರೆಂಚ್ ಪಾದ್ರಿ ಅಲ್ಲಿ ಧೂಮಕೇತು ನೋಡುತ್ತಿದ್ದಾಗ ಅದು ಕಣ್ಣಿಗೆ ಬಿತ್ತು.

ಸಿ ಅಂದರೆ ಕಾಲ್ಡ್‌ವೆಲ್. ಇಂಗ್ಲೆಂಡಿನ ಪ್ಯಾಟ್ರಿಕ್ ಕಾಲ್ಡ್‌ವೆಲ್-ಮೂರ್ 1995ರಲ್ಲಿ, ಮೆಸ್ಸಿಯೆ ಬಿಟ್ಟ 109 ಒಳ್ಳೆಯ ವಸ್ತುಗಳನ್ನು ಆರಿಸಿ ಮಾಡಿದ್ದು. ಉತ್ತರದಿಂದ ದಕ್ಷಿಣಕ್ಕೆ ಸಾಲಾಗಿವೆ, ಒಮೇಗಾ ಸಿ 80. ಮೆಸ್ಸಿಯೆ ಜೊತೆಗೆ ಇದನ್ನೂ ಇಟ್ಟುಕೊಳ್ಳಿ ಅನ್ನುವುದು ನನ್ನ ಸಲಹೆ. ನಮ್ಮ ಅಕ್ಷಾಂಶದವರಿಗೆ ಎರಡೂ ಸೇರಿದರೇ ಆಕಾಶ ಪೂರ್ತಿ.

ಆ್ಯಪ್‌ನಲ್ಲಿ ಹುಡುಕುವಾಗ ಎನ್‌ಜಿಸಿ ನಂಬರ್ ಹಾಕಿದರೆ ಬಹುತೇಕ ಎಲ್ಲವೂ ಸಿಗುತ್ತವೆ. ಕೃತ್ತಿಕೆಗೆ ಮಾತ್ರ ಎಂ 45 ಅಂತಲೇ ಹಾಕಿ, ಅದಕ್ಕೆ ಎನ್‌ಜಿಸಿ ನಂಬರ್ ಇಲ್ಲ. ಮೇ ರಾತ್ರಿ ನೆತ್ತಿಯ ಹತ್ತಿರ ಬರುವ, ಬೈನಾಕ್ಯುಲರ್‌ಗೆ ಹೇಳಿ ಮಾಡಿಸಿದಂತಿರುವ ಕೋಮಾ ಗುಚ್ಛಕ್ಕಂತೂ ಎಂ, ಎನ್‌ಜಿಸಿ ಎರಡೂ ಇಲ್ಲ. ಅದನ್ನು 1915ರ ಮೆಲೋಟ್ ಪಟ್ಟಿಯ ನಂಬರಿನಲ್ಲಿ, ಮೆಲೋಟ್ 111 ಅಂತ ಹುಡುಕಬೇಕು.