ಹಗೇವು ತುಂಬಿದ ಮೇಲೆ ಆಟ ಏನು ಕೇಳಬೇಕು?

ಆ ಹುಡುಗ ಮಂಡ್ಯದಿಂದ ಬಂದಿದ್ದ. ಬಿ.ಕಾಂ. ಎರಡನೇ ವರ್ಷ. ಮೈಸೂರಿನ ಕುವೆಂಪುನಗರದಲ್ಲಿರುವ ನಮ್ಮ ಕಚೇರಿಯಲ್ಲಿ ತಿಂಗಳಿಗೆರಡು ಶನಿವಾರ ಹೊರಗಿನವರನ್ನು ಕೂರಿಸಿ, ನಾವು ಕಟ್ಟುತ್ತಿರುವ ವಿಡಿಯೋ ಗೇಮನ್ನು ಆಡಿಸುತ್ತೇವೆ. ಹಿಂದೆ ಕುರ್ಚಿ ಹಾಕಿಕೊಂಡು ನೋಡುವುದು, ಬಾಯಿ ಬಿಡದೆ ಬರೆದುಕೊಳ್ಳುವುದು ನನ್ನ ಕೆಲಸ. ಬೆಳಿಗ್ಗೆ 10ಕ್ಕೆ ಶುರು ಮಾಡಿದವನು ಮೊದಲ ಒಂದು ಗಂಟೆ ಕುರ್ಚಿಗೆ ಬೆನ್ನು ಒರಗಿಸಲಿಲ್ಲ. ಕತ್ತಲಾಗುವ ಮುಂಚೆ ಸೌದೆ ಬೇಕು, ಸೌದೆಗೆ ಕೊಡಲಿ ಬೇಕು, ಕೊಡಲಿಗೆ ಕಲ್ಲು ಬೇಕು. ಎರಡು ಸಲ ಹಸಿವಿಗೆ ಸತ್ತ, ಒಂದು ಸಲ ಚಳಿಗೆ. ಮೂರನೇ ಗಂಟೆಯ ಹೊತ್ತಿಗೆ ಮನೆ ಎದ್ದಿತ್ತು, ರಾಗಿ ತೆನೆ ಬಿಟ್ಟಿತ್ತು. ನಾಲ್ಕನೇ ಗಂಟೆಗೆ 14 ಪೆಟ್ಟಿಗೆ ಭರ್ತಿ. ಅಲ್ಲಿಂದ ಮುಂದೆ ನನ್ನ ಪುಸ್ತಕದಲ್ಲಿ ಇರುವುದು ಇಷ್ಟು: ಮನೆ ಸುತ್ತ ಒಂದು ಸುತ್ತು ಬಂದ. ಪೆಟ್ಟಿಗೆ ತೆಗೆದ, ಮುಚ್ಚಿದ. ಇನ್ನೊಂದು ತೆಗೆದ, ಮುಚ್ಚಿದ. ಗುಡ್ಡ ಹತ್ತಿ ಸುಮ್ಮನೆ ನಿಂತ. ಎಡಗೈ ಕೀಬೋರ್ಡಿನಿಂದ ಇಳಿದು ಮೊಬೈಲಿಗೆ ಹೋಯಿತು. ಆಮೇಲೆ ತಿರುಗಿ ಕೇಳಿದ: “ಇವಾಗ ಏನ್ ಮಾಡದು ಸಾರ್?”

ಸರ್ವೈವಲ್ ಗೇಮ್, ಅಂದರೆ ಬದುಕುಳಿಯುವ ಆಟ, ಮಾಡುವ ಎಲ್ಲರೂ ಒಂದಲ್ಲ ಒಂದು ದಿನ ಈ ಪ್ರಶ್ನೆಯನ್ನು ಎದುರಿಸಲೇಬೇಕು. ಬೇರೆ ಆಟಗಳು ಸುಲಭದಿಂದ ಕಷ್ಟಕ್ಕೆ ಏರುತ್ತವೆ. ಬದುಕುಳಿಯುವ ಆಟ ತಲೆಕೆಳಗು. ಮೊದಲ ರಾತ್ರಿಯೇ ಅತಿ ಕಷ್ಟದ ರಾತ್ರಿ. ನಂತರ ಪ್ರತಿ ಸಮಸ್ಯೆಯೂ ಒಮ್ಮೆ ಬಗೆಹರಿದರೆ ಬಗೆಹರಿದ ಹಾಗೇ. ಬೇಲಿ ಹಾಕಿದರೆ ಹಂದಿಯ ಕಾಟ ಮುಗಿಯಿತು, ಬಾವಿ ತೋಡಿದರೆ ನೀರಿನ ಚಿಂತೆ ಮುಗಿಯಿತು. ಉಳಿದ ಸಮಯವೆಲ್ಲ ಕೂಡಿಡುವುದಕ್ಕೆ, ಕೂಡಿಟ್ಟದ್ದರಿಂದ ಇನ್ನೂ ಬೇಗ ಕೂಡಿಡುವುದಕ್ಕೆ. ಇದ್ದವನಿಗೇ ಮತ್ತೆ ಕೂಡಿಬರುವ ಈ ಲೆಕ್ಕವನ್ನು ತಡೆಯುವಂಥದ್ದು ಆಟದೊಳಗೆ ಏನೂ ಇಲ್ಲದಿದ್ದರೆ, ಆಡುವವನು ಗೆದ್ದ ದಿನವೇ ಆಟ ಬಿಡುತ್ತಾನೆ.

ನಾವು ಮೊದಲು ಮಾಡಿದ್ದು ಎಲ್ಲರೂ ಮಾಡುವ ತಪ್ಪನ್ನೇ. ಕಾಡುಹಂದಿಯ ಜೀವವನ್ನು 60ರಿಂದ 200ಕ್ಕೆ ಏರಿಸಿದೆವು. 8 ಬಾಣಕ್ಕೆ ಬೀಳುತ್ತಿದ್ದ ಹಂದಿ 25 ಬಾಣಕ್ಕೆ ಬೀಳತೊಡಗಿತು. ಮುಂದಿನ ಶನಿವಾರ ಬಂದವರು ಹಂದಿ ಕಂಡರೆ ಬಾಗಿಲು ಹಾಕಿಕೊಂಡು ಅದು ಹೋಗುವ ತನಕ ಕಾದರು. ಕಷ್ಟ ಹೆಚ್ಚಿರಲಿಲ್ಲ, ಹೊತ್ತು ಮಾತ್ರ ಹೆಚ್ಚಿತ್ತು. ಇದು ನನಗೆ ಚೆನ್ನಾಗಿ ನಾಟಿದ ಪಾಠ. ಕೊನೆಯ ಹಂತದ ಸವಾಲು ಎಂದರೆ ದೊಡ್ಡ ಸಂಖ್ಯೆಯಲ್ಲ, ಅದು ಹೊಸ ಪ್ರಶ್ನೆಯಾಗಿರಬೇಕು. ಆ ಪ್ರಶ್ನೆಯೂ ಆಡುವವನ ಸಮೃದ್ಧಿಯ ಒಳಗಿನಿಂದಲೇ ಹುಟ್ಟಬೇಕು.

ಇದು ಹೊಳೆದದ್ದು ನಮ್ಮಜ್ಜಿ ಹೇಳುತ್ತಿದ್ದ ಹಗೇವಿನ ಮಾತು ನೆನಪಾದಾಗ. ನಮ್ಮ ಕಡೆಯ ಹಳ್ಳಿಗಳಲ್ಲಿ ರಾಗಿಯನ್ನು ವರ್ಷಗಟ್ಟಲೆ ಇಡಲು ನೆಲದಲ್ಲಿ ಹಗೇವು ತೋಡುತ್ತಿದ್ದರು. ಬಾಯಿ ಕಿರಿದು, ಹೊಟ್ಟೆ ಅಗಲ, ಒಳಗೆ ಸುತ್ತ ಹುಲ್ಲು, ಮೇಲೆ ಚಪ್ಪಡಿ, ಚಪ್ಪಡಿ ಮೇಲೆ ಮಣ್ಣು. ಬರಗಾಲಕ್ಕೆ ಅದೇ ಆಸರೆ. ಆದರೆ ಹಗೇವು ತೆಗೆದ ಕೂಡಲೇ ಯಾರೂ ಇಳಿಯುತ್ತಿರಲಿಲ್ಲ. ಒಳಗಿನ ಗಾಳಿ ಕೆಟ್ಟಿರುತ್ತದೆ, ಇಳಿದವರು ಉಸಿರುಗಟ್ಟಿ ಸಾಯುತ್ತಾರೆ. ಬಾಯಿ ತೆಗೆದು ಬಿಟ್ಟು, ಆಮೇಲೆ ಹಗ್ಗಕ್ಕೆ ದೀಪ ಕಟ್ಟಿ ಇಳಿಬಿಟ್ಟು, ದೀಪ ಉರಿದರೆ ಮಾತ್ರ ಮನುಷ್ಯ ಇಳಿಯಬೇಕು. “ಹಸ್ಕಂಡಿರೋ ಮನೇಲಿ ಹಗೇವಿನ ಭಯ ಇಲ್ಲ ಕಣ್ ಮೊಗ” ಎನ್ನುತ್ತಿದ್ದಳು. ಇಲ್ಲದವನ ಅಪಾಯ ಬೇರೆ, ಇದ್ದವನ ಅಪಾಯ ಬೇರೆ. ನಮ್ಮ ಆಟದಲ್ಲಿ ಎರಡನೆಯದು ಇರಲೇ ಇಲ್ಲ.

ಈ ವಿಷಯದಲ್ಲಿ ಎಲ್ಲರೂ ನೋಡಿ ಕಲಿಯಬೇಕಾದ ಆಟ ರಿಮ್‌ವರ್ಲ್ಡ್. ಬೇರೆ ಗ್ರಹದಲ್ಲಿ ಊರು ಕಟ್ಟುವ, ಟೈನನ್ ಸಿಲ್ವೆಸ್ಟರ್ ಅವರ ಈ ಆಟದ ಪೂರ್ಣ ಆವೃತ್ತಿ ಬಂದದ್ದು 2018ರಲ್ಲಿ. ಅಲ್ಲಿ ದಾಳಿಕೋರರು ಎಷ್ಟು ಬಲವಾಗಿ ಬರುತ್ತಾರೆ ಎಂಬುದನ್ನು ಬಹುಮಟ್ಟಿಗೆ ನಿಮ್ಮ ಊರಿನ ಜನಸಂಖ್ಯೆ ಮತ್ತು ಸಂಪತ್ತೇ ನಿರ್ಧರಿಸುತ್ತವೆ. ಕಟ್ಟಡಗಳ ಬೆಲೆ ಆ ಲೆಕ್ಕಕ್ಕೆ ಅರ್ಧ ಮಾತ್ರ ಸೇರುತ್ತದೆ, ಸಾಮಾನಿನ ಬೆಲೆ ಪೂರ್ತಿ ಸೇರುತ್ತದೆ. ಬಡ ಊರಿಗೆ ಕೋಲು ಹಿಡಿದ ಒಬ್ಬ ಬಂದರೆ, ಸಿರಿವಂತ ಊರಿಗೆ ಗೋಡೆ ಕೊರೆಯುವವರು, ಆಕಾಶದಿಂದ ನೇರ ಅಂಗಳಕ್ಕೆ ಇಳಿಯುವವರು ಬರುತ್ತಾರೆ. ಬಹಳ ಗಟ್ಟಿ ಯೋಚನೆ ಇದು. ಆದರೂ ಇದರಲ್ಲಿ ಒಂದು ಬಿರುಕಿದೆ ಎಂದು ನನ್ನ ಅಭಿಪ್ರಾಯ. ಈ ಲೆಕ್ಕ ತಿಳಿದ ಆಟಗಾರರು ಸಿರಿವಂತರಾಗಲು ಹೆದರುತ್ತಾರೆ. ಬೇಡದ ಬಟ್ಟೆ ಸುಡುತ್ತಾರೆ, ಬೆಲೆ ಬಾಳುವ ವಸ್ತುವನ್ನು ಬೇಕೆಂದೇ ಕಳೆದುಕೊಳ್ಳುತ್ತಾರೆ. ಊರು ಕಟ್ಟುವ ಆಸೆಯಿಂದ ಬಂದವನು ಬಡವನಂತೆ ಕಾಣಲು ಒದ್ದಾಡುವಂತಾಗುತ್ತದೆ. ಯಾಕೆ ಹೀಗೆ? ಅಲ್ಲಿ ಸಂಪತ್ತಿಗೂ ದಾಳಿಗೂ ನಡುವಿನ ನಂಟು ಕಣ್ಣಿಗೆ ಕಾಣುವಂಥದ್ದಲ್ಲ, ತೆರೆಯ ಹಿಂದಿನ ಒಂದು ಅಂಕಿ ಅದು.

ಫ್ಯಾಕ್ಟೋರಿಯೊ ಆಟದಲ್ಲಿ ಇದೇ ಮಾತು ಕಣ್ಣಿಗೆ ಕಾಣುತ್ತದೆ. ಕಾರ್ಖಾನೆ ಬೆಳೆದಂತೆ ಅದರ ಹೊಗೆ ಹರಡುತ್ತದೆ, ಹೊಗೆ ಮುಟ್ಟಿದ ಗೂಡುಗಳಿಂದ ಕೀಟಗಳು ದಂಡೆತ್ತಿ ಬರುತ್ತವೆ. ನಕ್ಷೆಯಲ್ಲಿ ಹೊಗೆ ಎಲ್ಲಿಯವರೆಗೆ ಹೋಗಿದೆ ಎಂದು ನೋಡಬಹುದು. ಯಾರಿಗೂ ಬಿಡಿಸಿ ಹೇಳಬೇಕಿಲ್ಲ.

ನಾವು ಆ ದಾರಿ ಹಿಡಿದೆವು. ಪೆಟ್ಟಿಗೆಯಲ್ಲಿ ಹೆಚ್ಚು ದಿನ ಇಟ್ಟ ಕಾಳಿಗೆ ಇಲಿ ಬೀಳುತ್ತದೆ. ಹಗೇವಿಗೆ ಹಾಕಿದರೆ ಉಳಿಯುತ್ತದೆ, ಆದರೆ ಅದನ್ನು ತೆಗೆಯಲು ಒಂದು ರಾತ್ರಿ ಕಾಯಬೇಕು, ದೀಪ ಇಳಿಬಿಡಬೇಕು. ಹೊಲ ದೊಡ್ಡದಾದಷ್ಟೂ ತೆನೆ ಬಲಿಯುವ ಹೊತ್ತಿಗೆ ಕಾಡಂಚಿನಿಂದ ಆನೆ ಬರುವ ಸಂಭವ ಹೆಚ್ಚು. ಅದಕ್ಕೆ ಅಟ್ಟಣೆ ಕಟ್ಟಿ ಕಾಯಬಹುದು, ತಮಟೆ ಬಾರಿಸಬಹುದು, ಆನೆ ಕಂದಕ ತೋಡಬಹುದು, ಇಲ್ಲವೇ ಕಡಿಮೆ ಬಿತ್ತಬಹುದು. ಆನೆ ಯಾಕೆ ಬಂತು ಎಂದು ಆಡುವವನಿಗೆ ತಾನಾಗಿಯೇ ಗೊತ್ತಾಗಬೇಕು, ಮಾಡಬಹುದಾದ್ದು ಅವನ ಕೈಯಲ್ಲೇ ಇರಬೇಕು. ಇವೆರಡೂ ಇದ್ದರೆ ಹೊಲ ತುಳಿದುಹೋದರೂ ಯಾರೂ ಆಟವನ್ನು ಬೈಯುವುದಿಲ್ಲ, ಅಟ್ಟಣೆಯ ಜಾಗ ಸರಿಯಿರಲಿಲ್ಲ ಎನ್ನುತ್ತಾರೆ.

ಸವಾಲಿನ ಮಾತಾಯಿತು. ಗುರಿಯ ಮಾತು ಇದಕ್ಕಿಂತ ನಾಜೂಕು. ದೂರದ ಗುರಿಯನ್ನು ಯಾವಾಗ ತೋರಿಸಬೇಕು? ಮೊದಲ ದಿನವೇ ತೋರಿಸಬೇಕು ಎನ್ನುವುದು ನನ್ನ ಅನುಭವ. 2021ರ ಫೆಬ್ರವರಿಯಲ್ಲಿ ಬಂದ ವಾಲ್ಹೈಮ್ ಆಟ ಇದನ್ನು ಎಷ್ಟು ಚೆನ್ನಾಗಿ ಮಾಡಿದೆ ನೋಡಿ. ಬರಿಗೈಯಲ್ಲಿ ನೀವು ಇಳಿಯುವ ಜಾಗದಲ್ಲೇ ಎತ್ತರದ ಕಲ್ಲುಗಳು ವೃತ್ತವಾಗಿ ನಿಂತಿವೆ. ಒಂದೊಂದು ಕಲ್ಲಿನಲ್ಲೂ ಒಂದು ಕೊಕ್ಕೆ. ಯಾವ ದೈತ್ಯನ ತಲೆಯನ್ನು ಎಲ್ಲಿ ನೇತುಹಾಕಬೇಕು ಎಂಬುದು ಅಲ್ಲೇ ಇದೆ, ಆದರೆ ನಿಮ್ಮ ಕೈಯಲ್ಲಿ ಇನ್ನೂ ಒಂದು ದೊಣ್ಣೆಯೂ ಇಲ್ಲ. ಮೊದಲ ದೈತ್ಯ ಸತ್ತಾಗ ಸಿಗುವ ಕೊಂಬಿನಿಂದ ಗುದ್ದಲಿ ಮಾಡಿಕೊಂಡರೆ ಅದಿರು ಅಗೆಯಬಹುದು. ಎರಡನೆಯದು ಕೊಡುವ ಬೀಗದ ಕೈಯಿಂದ ಜೌಗು ನೆಲದ ಸಮಾಧಿಗಳು ತೆರೆಯುತ್ತವೆ, ಅಲ್ಲಿ ಕಬ್ಬಿಣ. ಮೂರನೆಯದು ಕೊಡುವ ಮೂಳೆ ಬೆಳ್ಳಿ ಎಲ್ಲಿದೆ ಎಂದು ತಿಳಿಸುತ್ತದೆ. ಒಂದು ಗೆಲುವು ಮುಂದಿನ ಕೆಲಸದ ಸಲಕರಣೆಯಾಗುತ್ತದೆ. ಇನ್ನೊಂದು ನಿಯಮವನ್ನೂ ಹೇಳಲೇಬೇಕು. ಮಾಮೂಲಿ ಆಟದಲ್ಲಿ ಮರದ ಮಾಯದ ಬಾಗಿಲಿನ ಮೂಲಕ ಮನುಷ್ಯ ಕ್ಷಣದಲ್ಲಿ ಮನೆ ಸೇರಬಹುದು, ಕಬ್ಬಿಣ ಸೇರುವುದಿಲ್ಲ. ಅದನ್ನು ದೋಣಿಗೆ ತುಂಬಿ ಸಮುದ್ರದ ಮೇಲೆ ತರಬೇಕು. ಗಾಳಿ ಎದುರಾದರೆ ಹುಟ್ಟು ಹಾಕಬೇಕಾಗುತ್ತದೆ. ಹಲವರು ಇದನ್ನು ಕಿರಿಕಿರಿ ಎನ್ನುತ್ತಾರೆ. ಆ ಆಟದ ಬೆನ್ನೆಲುಬೇ ಅದು ಎನ್ನುತ್ತೇನೆ ನಾನು. ಆ ದೋಣಿ ಪ್ರಯಾಣ ತೆಗೆದರೆ ಕೊನೆಯ ಹಂತದಲ್ಲಿ ಸಮುದ್ರಕ್ಕೆ ಅರ್ಥವೇ ಉಳಿಯುವುದಿಲ್ಲ.

ಮುಕ್ತಾಯ ಇರಬೇಕೇ ಎಂಬ ಚರ್ಚೆ ನಮ್ಮ ಕಚೇರಿಯಲ್ಲಿ ಇವತ್ತಿಗೂ ನಿಂತಿಲ್ಲ. ಮೈನ್‌ಕ್ರಾಫ್ಟ್ 2011ರ ನವೆಂಬರಿನಲ್ಲಿ ಪೂರ್ಣ ಆವೃತ್ತಿಯಾಗಿ ಬಂದಾಗ ಡ್ರ್ಯಾಗನ್ ಕೊಲ್ಲುವುದೇ ಅಂತ್ಯ ಎಂದಿತು, ಕೊಂದ ಮೇಲೆ ಮತ್ತೆ ನಿಮ್ಮ ಮನೆಗೇ ತಂದು ಬಿಡುತ್ತದೆ. ನಡುವಿನಿಂದ ಯಾವ ದಿಕ್ಕಿಗೆ ನಡೆದರೂ 3 ಕೋಟಿ ಬ್ಲಾಕ್ ದೂರದ ಲೋಕ ಬಾಕಿ ಇರುತ್ತದೆ. ದಿ ಲಾಂಗ್ ಡಾರ್ಕ್ ಆಟದ ಸರ್ವೈವಲ್ ವಿಭಾಗದಲ್ಲಿ ಗೆಲುವೇ ಇಲ್ಲ, ಸಾವೊಂದೇ ಕೊನೆ, ಸಾಮಾನ್ಯವಾಗಿ ಸತ್ತರೆ ಅಲ್ಲಿಯವರೆಗಿನ ಆಟದ ದಾಖಲೆಯೇ (ಸೇವ್) ಅಳಿದುಹೋಗುತ್ತದೆ. ಮನೆಯೊಳಗೇ ಬೆಚ್ಚಗೆ ದಿನ ದೂಡುತ್ತೇನೆ ಎಂದರೂ ಬಿಡದೆ, ಒಳಗಿರುವುದೇ ಒಂದು ಕಾಯಿಲೆಯಾಗಿ ನಿಮ್ಮನ್ನು ಹಿಮಕ್ಕೆ ಅಟ್ಟುತ್ತದೆ. ರಿಮ್‌ವರ್ಲ್ಡಿನಲ್ಲಿ ಅಂತರಿಕ್ಷ ಹಡಗು ಕಟ್ಟಿ ಎಂಜಿನ್ನಿಗೆ ಚಾಲನೆ ಕೊಟ್ಟರೆ ಅದು ಸಜ್ಜಾಗಲು ಆಟದ ಲೆಕ್ಕದಲ್ಲಿ 15 ದಿನ, ಅಷ್ಟೂ ದಿನ ದಾಳಿ. ನನಗೆ ಹಿಡಿಸಿದ್ದು ಈ ಕೊನೆಯದು. ಅಂತ್ಯ ಎಂದು ಬರುತ್ತದೆ ಎಂಬುದನ್ನು ಆಡುವವನೇ ತೀರ್ಮಾನಿಸುತ್ತಾನೆ, ತೀರ್ಮಾನಿಸಿದ ಮೇಲೆ ಅದುವರೆಗೆ ಕಲಿತದ್ದೆಲ್ಲ ಒಟ್ಟಿಗೆ ಬೇಕಾಗುತ್ತದೆ.

ನಮ್ಮ ಆಟದಲ್ಲಿ ಈಗ ದೂರದ ಗುರಿ ಒಂದು ಒಡೆದ ಕೆರೆ. ಆಟ ಶುರುವಾಗುವ ದಿಣ್ಣೆಯಿಂದಲೇ ಅದರ ಏರಿ ಕಾಣುತ್ತದೆ, ನಡುವೆ ಬಾಯಿ ಬಿಟ್ಟುಕೊಂಡು. ಅದರ ಬಗ್ಗೆ ಒಂದು ಅಕ್ಷರವೂ ತೆರೆಯ ಮೇಲೆ ಬರುವುದಿಲ್ಲ. ಏರಿ ಕಟ್ಟಲು ಕಲ್ಲು, ಮಣ್ಣು, ಗಾಡಿ, ಎತ್ತು ಬೇಕು, ತೂಬು ಕೂರಿಸಬೇಕು, ಕೋಡಿ ಬಿಡಿಸಬೇಕು. ಕೆರೆ ತುಂಬಿದರೆ ಭತ್ತ, ಕಬ್ಬು ಸಾಧ್ಯ. ತುಂಬಿದ ಮೇಲೆಯೇ ನಿಜವಾದ ತೊಡಕು: ವರ್ಷ ವರ್ಷವೂ ಹೂಳು ಬರುತ್ತದೆ, ಕೆಳಗಿನ ಹೊಲದವರು ನೀರು ಕೇಳುತ್ತಾರೆ, ನೀರು ಹಂಚುವ ನೀರುಗಂಟಿಯನ್ನು ನೇಮಿಸಬೇಕು.

ಎರಡು ತಿಂಗಳ ಹಿಂದೆ ಆ ಮಂಡ್ಯದ ಹುಡುಗನನ್ನು ಮತ್ತೆ ಕರೆಸಿದೆವು. ಒಂದೂವರೆ ಗಂಟೆ ಹೊತ್ತಿಗೆ, ಹೊಟ್ಟೆಗೆ ನೆಟ್ಟಗೆ ಇಲ್ಲದಿದ್ದರೂ, ಏರಿ ತನಕ ನಡೆದು ಒಡೆದ ಜಾಗವನ್ನು ಹೆಜ್ಜೆಯಲ್ಲಿ ಅಳೆದು ಬಂದ. ಐದನೇ ಗಂಟೆಗೆ ಏರಿ ಕೂಡಿತ್ತು. ಆರನೇ ಗಂಟೆಯಲ್ಲಿ ಮಳೆ ಹಿಡಿಯಿತು. ಕೋಡಿಯನ್ನು ಅವನು ಕಿರಿದಾಗಿ ಬಿಟ್ಟಿದ್ದ, ಅದಕ್ಕೆ ಮರದ ದಿಮ್ಮಿ ಸಿಕ್ಕಿಕೊಂಡಿತು. ನೀರು ಏರಿಯ ತಲೆ ಮುಟ್ಟಿತು, ಉಕ್ಕಿತು, ಏರಿ ಹೋಯಿತು. ಜೊತೆಗೆ ಕೆಳಗಿನ ಆರು ಹೊಲವೂ. ಮೊಬೈಲ್ ಮುಟ್ಟಲಿಲ್ಲ. ಸ್ವಲ್ಪ ಹೊತ್ತು ಸುಮ್ಮನಿದ್ದು, ನನ್ನ ಮೇಜಿನಿಂದ ಒಂದು ಹಾಳೆ ಎಳೆದುಕೊಂಡು ಏರಿಯ ಗೆರೆ ಹಾಕಿದ. ಕೋಡಿಯನ್ನು ಎಡಗಡೆ ಬಂಡೆಯ ಪಕ್ಕಕ್ಕೆ ಸರಿಸಿ, ಅಗಲ ಎರಡರಷ್ಟು ಬರೆದ. ಕಚೇರಿ ಮುಚ್ಚುವ ಹೊತ್ತಾಗಿತ್ತು. “ಈ ಬಂಡೆ ಒಡೆಯದಾ ಸಾರ್?” ಎಂದು ಕೇಳಿದ. ನಾನು ಉತ್ತರ ಕೊಡುವ ಹಾಗಿರಲಿಲ್ಲ. ಹಾಳೆ ಮಡಿಸಿ ಜೇಬಿಗಿಟ್ಟುಕೊಂಡ.